ಶಿಂಷಾ ನದಿಯೂ ನಮ್ಮ ಸೀಮೆಯೂ

ಮಂಡ್ಯಕ್ಕೂ ಮದ್ದೂರಿಗೂ ನಡುವೆ ಬೆಂಗಳೂರು–ಮೈಸೂರು ಹೆದ್ದಾರಿಯ ಮೇಲಿರುವ ಹನಕೆರೆಯನ್ನು ಕಾಣದ ವಾಚಕರು ನಮ್ಮಲ್ಲಿ ವಿರಳ. ರೈಲಿನಲ್ಲಿ ಸಂಚರಿಸುವವರು ಅದರ ಚಿಕ್ಕ ನಿಲ್ದಾಣವನ್ನೂ, ಹಾದಿಯ ಇಕ್ಕೆಲಗಳಲ್ಲಿ ಹಬ್ಬಿದ ಕಬ್ಬು, ಬತ್ತ, ತೆಂಗುಗಳ ಹಸುರನ್ನೂ ಕಿಟಕಿಯಿಂದಲೇ ಕಂಡಿರುವರು. ಈಚೆಗೆ ನಾವು ಕಾರ್ಯಾರ್ಥವಾಗಿ ಆ ಊರಿಗೆ ಹೋಗಿದ್ದಾಗ, ಗದ್ದೆಯ ಬದುವಿನ ಮೇಲೆ ನಿಂತಿದ್ದ ವಯೋವೃದ್ಧ ರೈತರೊಬ್ಬರನ್ನು, “ನಿಮ್ಮೂರ ನದಿ ಯಾವುದು?” ಎಂದು ಕೇಳಿದೆವು. “ಇನ್ನಾವುದು ಸ್ವಾಮಿ, ಕಾವೇರಮ್ಮ” ಎಂದರು. “ಈ ಗದ್ದೆಯಲ್ಲಿ ಬಸಿದ ನೀರು ಎಲ್ಲಿಗೆ ಹೋಗುವುದು?” ಎಂದು ಮರಳಿ ಕೇಳಲು, ಅವರು ಮೂಡಲ ಕಡೆಗೆ ಕೈತೋರಿ, “ಹಳ್ಳಕ್ಕೆ. ಹಳ್ಳ ಶಿಂಷೆಗೆ” ಎಂದರು.

ಈ ಎರಡು ಉತ್ತರಗಳಲ್ಲಿ ನಾವಿಂದು ಹೇಳಬೇಕೆಂದಿರುವ ವಿಷಯವೆಲ್ಲವೂ ಅಡಗಿರುವುದು. ಕಾಲುವೆಯು ನಮಗೆ ಕೊಡುವಂಥದು. ನದಿಯು ನಮ್ಮಿಂದ ಪಡೆಯುವಂಥದು. ಕೊಟ್ಟ ತಾಯಿಯನ್ನು ನಾವು ಮರೆತವರಲ್ಲ. ಕನ್ನಂಬಾಡಿಯಲ್ಲಿ ನೀರು ಏರಿದರೆ ನಮ್ಮ ಎದೆ ಏರುವುದು, ಇಳಿದರೆ ಇಳಿಯುವುದು. ಆದರೆ ನಾವು ಬಳಸಿ ಬಿಟ್ಟುದನ್ನೂ, ನಮ್ಮ ನೆಲದ ಮೇಲೆ ಬಿದ್ದ ಮಳೆಯನ್ನೂ, ನಮ್ಮ ಪಟ್ಟಣಗಳ ಕೊಳೆಯನ್ನೂ ಒಡಲಲ್ಲಿ ಹೊತ್ತು ಹರಿಯುತ್ತಿರುವ ಶಿಂಷೆಯನ್ನು ‘ನಮ್ಮ ನದಿ’ ಎಂದು ಹೇಳುವವರು ಕಡಿಮೆಯಾಗಿರುವರು. ಈ ಮರೆವಿನಲ್ಲಿ ನಮ್ಮ ಪತ್ರಿಕೆಯೂ ಪಾಲುಗೊಂಡಿದೆಯೆಂಬುದನ್ನು ಮೊದಲೇ ಒಪ್ಪಿಕೊಳ್ಳುವೆವು. ಮಳೆಗಾಲದಲ್ಲಿ ಕನ್ನಂಬಾಡಿಯ ನೀರಿನ ಮಟ್ಟವನ್ನು ದಿನಂಪ್ರತಿ ಅಚ್ಚುಹಾಕುವ ನಾವು, ಶಿಂಷೆಯ ಸುದ್ದಿಯನ್ನು ಬರೆಯುವುದು ಅದು ದಡ ಮೀರಿ ಹೊಲಕ್ಕೆ ನುಗ್ಗಿದಾಗ ಮಾತ್ರವೇ.

ನದಿಯ ಹರವು

ಶಿಂಷೆಯು ಮಲೆನಾಡಿನ ಮಗಳಲ್ಲ, ಬಯಲುಸೀಮೆಯ ಮಗಳು. ತುಮಕೂರಿಗೆ ಸಮೀಪದ ದೇವರಾಯನದುರ್ಗದ ಬೆಟ್ಟಗಳ ತೆಂಕಣ ತಪ್ಪಲಿನಲ್ಲಿ ಅದರ ಹುಟ್ಟು. ಅಲ್ಲಿಂದ ಹೊರಟ ತೊರೆಯು ಗುಬ್ಬಿ ತಾಲ್ಲೂಕಿನಲ್ಲಿ ಕಡಬದ ದೊಡ್ಡ ಕೆರೆಯಾಗಿ ನಿಂತು, ಮತ್ತೆ ಹೊರಟು, ಸಿದ್ಧಲಿಂಗೇಶ್ವರರ ಸನ್ನಿಧಿಯಿಂದ ಪ್ರಸಿದ್ಧವಾದ ಎಡೆಯೂರಿನ ಪ್ರಾಂತವನ್ನು ಹಾದು, ಕುಣಿಗಲು ತಾಲ್ಲೂಕಿನ ಮಾರ್ಕೋನಹಳ್ಳಿಯಲ್ಲಿ ಜಲಾಶಯವಾಗುವುದು. ಅಲ್ಲಿಂದ ಮುಂದೆ ನಾಗಮಂಗಲ, ಮದ್ದೂರು, ಮಳವಳ್ಳಿ ತಾಲ್ಲೂಕುಗಳ ನೀರನ್ನು ಕೂಡಿಸಿಕೊಂಡು, ಕಡೆಗೆ ಬಯಲನ್ನು ಬಿಟ್ಟು ಕಲ್ಲುಕಣಿವೆಗಿಳಿದು, ಶಿವನಸಮುದ್ರದಿಂದ ಕೆಳಗೆ ಕಾವೇರಿಯನ್ನು ಸೇರುವುದು. ಒಟ್ಟು ಉದ್ದ 221 ಕಿಲೋಮೀಟರು. ಅದಕ್ಕೆ ನೀರೊದಗಿಸುವ ನೆಲದ ವಿಸ್ತಾರ ಸುಮಾರು 8,500 ಚದರ ಕಿಲೋಮೀಟರು.

ವೀರವೈಷ್ಣವಿ, ಕಣ್ವ, ಹೆಬ್ಬಳ್ಳ, ಚಿಕ್ಕಹೊಳೆ ಮೊದಲಾದವು ಅದರ ಉಪನದಿಗಳು. ವೀರವೈಷ್ಣವಿಯು ನಾಗಮಂಗಲದ ಕಡೆಯಿಂದ ಬರುವುದು. ಕಣ್ವವು ಮಾಗಡಿಯ ಗುಡ್ಡಗಳಿಂದ ಇಳಿದು ಚನ್ನಪಟ್ಟಣದ ಸೀಮೆಯನ್ನು ಹಾದು ಕೂಡುವುದು. ಅದಕ್ಕೆ ಚನ್ನಪಟ್ಟಣದ ಬಳಿ 1946ರಲ್ಲಿ ಜಲಾಶಯವಾಯಿತು. ಇವುಗಳಲ್ಲಿ ಯಾವುದೂ ವರ್ಷವಿಡೀ ತುಂಬಿ ಹರಿಯುವ ಹೊಳೆಯಲ್ಲ. ಮಳೆ ಬಂದಾಗ ಬಂದು, ನಿಂತಾಗ ಮರಳಿನ ಕೆಳಗೆ ಅಡಗುವ ಬಯಲ ತೊರೆಗಳಿವು. ಆದುದರಿಂದಲೇ ನಮ್ಮ ಪೂರ್ವಿಕರು ಈ ಸೀಮೆಯಲ್ಲಿ ಹಳ್ಳಹಳ್ಳಕ್ಕೂ ಏರಿ ಹಾಕಿ, ಒಂದು ಕೆರೆಯ ಕೋಡಿಯು ಮತ್ತೊಂದು ಕೆರೆಗೆ ಬೀಳುವಂತೆ ಸರಪಣಿಯಾಗಿ ಕೆರೆಗಳನ್ನು ಕಟ್ಟಿದರು. ಊರ ಹೆಸರುಗಳಲ್ಲಿ ‘ಕೆರೆ’ ಎಂಬುದು ಎಷ್ಟು ಸಲ ಬರುವುದೆಂಬುದನ್ನು ಎಣಿಸಿದರೆ ಸಾಕು. ಹನಕೆರೆ, ಗೆಜ್ಜಲಗೆರೆಗಳು ಒಂದರ ಪಕ್ಕದಲ್ಲಿ ಒಂದಿರುವುವು. ಹೊಳೆಯನ್ನು ಅದರ ಪಾಡಿಗೆ ಬಿಡದೆ, ಹಿಡಿದು, ನಿಲ್ಲಿಸಿ, ಮಿಕ್ಕುದನ್ನು ಮುಂದಿನವನಿಗೆ ಬಿಟ್ಟುಕೊಡುವ ಈ ಪದ್ಧತಿಯು ಕೃಷಿಯ ಉಪಾಯ ಮಾತ್ರವಲ್ಲ. ನೆರೆಹೊರೆಯ ಧರ್ಮವೂ ಆಗಿದ್ದಿತು.

ಎರಡು ಮಳೆಗಳು

ಶಿಂಷೆಯ ಬೆಲೆಯನ್ನು ಅರಿಯಬೇಕಾದರೆ ಅದರ ಮಳೆಯನ್ನು ಅರಿಯಬೇಕು. ಕಾವೇರಿಯ ತೌರು ಕೊಡಗು. ಪುನರ್ವಸು, ಪುಷ್ಯ ಮಳೆಗಳು ತಲಕಾವೇರಿಯ ಮಲೆಗಳಲ್ಲಿ ಸುರಿದಾಗ ಕನ್ನಂಬಾಡಿಯು ತುಂಬುವುದು. ಅಂದರೆ ಜುಲೈ, ಆಗಸ್ಟು ತಿಂಗಳುಗಳು ಕಾವೇರಿಯ ಕಾಲ. ಶಿಂಷೆಯ ಜಲಾನಯನಕ್ಕೆ ಆ ಮಳೆಯ ತುಂತುರು ಮಾತ್ರ ದಕ್ಕುವುದು. ತುಮಕೂರು, ಕುಣಿಗಲು, ಮದ್ದೂರುಗಳ ಬಯಲಿಗೆ ನಿಜವಾದ ಮಳೆ ಬರುವುದು ಮಳೆಗಾಲದ ಕಡೆಯಲ್ಲಿ. ಗುಡುಗು ಮಿಂಚುಗಳೊಡನೆ ಸಂಜೆಯ ಹೊತ್ತು ಕವಿದು ಸುರಿಯುವ ಹಸ್ತ, ಚಿತ್ತ, ಸ್ವಾತಿ ಮಳೆಗಳು ಶಿಂಷೆಯ ಮಳೆಗಳು. ಸೆಪ್ಟೆಂಬರು, ಅಕ್ಟೋಬರು ಅದರ ತುಂಬು ದಿನಗಳು.

ಇದರ ಅರ್ಥವೇನು? ಕೊಡಗಿನಲ್ಲಿ ಮಳೆ ತಪ್ಪಿದ ವರ್ಷದಲ್ಲಿ ಬಯಲಿನಲ್ಲಿಯೂ ಮಳೆ ತಪ್ಪಲೇಬೇಕೆಂಬ ನಿಯಮವಿಲ್ಲ. ಕನ್ನಂಬಾಡಿಯು ತುಂಬಿದ ವರ್ಷದಲ್ಲಿ ಶಿಂಷೆಯು ತುಂಬಲೇಬೇಕೆಂಬುದೂ ಇಲ್ಲ. ಎರಡು ನದಿಗಳು ಎರಡು ಆಕಾಶಗಳನ್ನು ನಂಬಿಕೊಂಡಿರುವುವು. ಇಂಥ ಎರಡು ನದಿಗಳು ಒಂದೇ ಜಿಲ್ಲೆಯಲ್ಲಿರುವುದು ಒಂದು ಭಾಗ್ಯವೇ ಸರಿ. ಬುದ್ಧಿವಂತನಾದ ಗೃಹಸ್ಥನು ಎರಡು ಕಡೆಯ ಉತ್ಪತ್ತಿಯಲ್ಲಿ ಒಂದನ್ನು ಖರ್ಚಿಗೂ ಒಂದನ್ನು ಆಪತ್ತಿಗೂ ಇಟ್ಟುಕೊಳ್ಳುವನು. ನಾವಾದರೋ ಒಂದನ್ನು ಎದುರು ನೋಡುತ್ತ ಕುಳಿತು, ಮತ್ತೊಂದನ್ನು ಕೊಚ್ಚೆಯ ಕಾಲುವೆಯಂತೆ ನಡೆಯಿಸಿಕೊಳ್ಳುತ್ತಿರುವೆವು.

ಶಿಂಷೆಯು ಶಾಂತಳೆಂದೂ ಯಾರೂ ತಿಳಿಯಬಾರದು. 2022ರ ಮಳೆಗಾಲದಲ್ಲಿ ಮಾರ್ಕೋನಹಳ್ಳಿಯ ಜಲಾಶಯವೂ, ಬಹು ವರ್ಷಗಳ ಮೇಲೆ ಕಣ್ವದ ಜಲಾಶಯವೂ ತುಂಬಿ ಹೊರಚೆಲ್ಲಿದಾಗ, ಮದ್ದೂರಿನಿಂದ ಕೆಳಗಣ ದಡದ ಹೊಲಗದ್ದೆಗಳು ಪಟ್ಟ ಪಾಡನ್ನು ವಾಚಕರು ಮರೆತಿರಲಾರರು. ಬರಗಾಲದಲ್ಲಿ ನದಿಯ ಪಾತ್ರವನ್ನು ಒತ್ತಿ ಉತ್ತವರು ನೆರೆಯ ಕಾಲದಲ್ಲಿ ಪರಿಹಾರಕ್ಕಾಗಿ ಅರ್ಜಿ ಹಿಡಿದು ನಿಲ್ಲಬೇಕಾದೀತು. ಬಯಲ ಹೊಳೆಗೆ ನೆನಪು ಹೆಚ್ಚು. ಹತ್ತು ವರ್ಷ ಬಾರದಿದ್ದರೂ ಹನ್ನೊಂದನೆಯ ವರ್ಷ ತನ್ನ ಹಳೆಯ ದಾರಿಯನ್ನೇ ಹುಡುಕಿಕೊಂಡು ಬರುವುದು.

ದಡದ ಇತಿಹಾಸ

ಮದ್ದೂರಿನ ಸ್ಥಳಪುರಾಣದಲ್ಲಿ ಶಿಂಷೆಗೆ ಕದಂಬ ನದಿಯೆಂದು ಹೆಸರು. ಕದಂಬ ಮಹರ್ಷಿಗಳು ಇದರ ದಡದಲ್ಲಿ ತಪಸ್ಸು ಮಾಡಿದರೆಂದು ಪ್ರತೀತಿ. ಅದಕ್ಕಾಗಿ ಮದ್ದೂರಿಗೆ ಕದಂಬ ಕ್ಷೇತ್ರವೆಂದೂ ಹೆಸರುಂಟು. ಊರಿನ ಉಗ್ರನರಸಿಂಹಸ್ವಾಮಿಯ ದೇವಾಲಯವೂ, ಹೊಳೆಯ ದಡದ ವೈದ್ಯನಾಥಪುರದ ವೈದ್ಯನಾಥೇಶ್ವರನ ದೇವಾಲಯವೂ ಯಾತ್ರಿಕರು ಬಲ್ಲವುಗಳೇ.

ಪುರಾಣವನ್ನು ಬಿಟ್ಟು ಇತಿಹಾಸಕ್ಕೆ ಬಂದರೂ ಶಿಂಷೆಯ ಪಾತ್ರ ಚಿಕ್ಕದಲ್ಲ. ಬೆಂಗಳೂರಿಗೂ ಶ್ರೀರಂಗಪಟ್ಟಣಕ್ಕೂ ನಡುವಣ ದಾರಿಯು ಈ ಹೊಳೆಯನ್ನು ಮದ್ದೂರಿನಲ್ಲಿ ದಾಟಬೇಕಾಗಿದ್ದುದರಿಂದಲೇ ಅಲ್ಲಿ ಕೋಟೆ ಎದ್ದಿತು. ಅದೇ ಕಾರಣದಿಂದಲೇ ಬಿದ್ದಿತು. 1791ರಲ್ಲಿ ಶ್ರೀರಂಗಪಟ್ಟಣದ ಮೇಲೆ ದಂಡೆತ್ತಿ ಬಂದ ಕಾರ್ನ್‌ವಾಲಿಸನ ಸೈನ್ಯವು ಆ ಕೋಟೆಯನ್ನು ಕೆಡವಿತು. 1850ರಲ್ಲಿ ಹೊಳೆಗೆ ಏಳು ಕಮಾನುಗಳ ಇಟ್ಟಿಗೆಯ ಸೇತುವೆಯಾಯಿತು; 1881–82ರಲ್ಲಿ ಬೆಂಗಳೂರು–ಮೈಸೂರು ರೈಲುದಾರಿ ತೆರೆದಾಗ ಕಬ್ಬಿಣದ ತೊಲೆಗಳ ಸೇತುವೆಯೂ ಬಂದಿತು. ದಂಡು ದಾಟಿದ ಹೊಳೆಯನ್ನು ಮುಂದೆ ಬಂಡಿಗಳು ದಾಟಿದುವು. ಬಳಿಕ ರೈಲು, ಮೋಟಾರುಗಳು ದಾಟಿದುವು. ಇಂದು ಹೊಸ ಹೆದ್ದಾರಿಯ ಮೇಲೆ ಓಡುವ ಪ್ರಯಾಣಿಕನಿಗೆ ತಾನೊಂದು ನದಿಯನ್ನು ದಾಟಿದೆನೆಂಬುದೇ ತಿಳಿಯದು.

ಈ ಹೊಳೆಗೆ ಅನತಿದೂರದ ಶಿವಪುರದಲ್ಲಿಯೇ 1938ರ ಏಪ್ರಿಲಿನಲ್ಲಿ ಶ್ರೀ ಟಿ. ಸಿದ್ಧಲಿಂಗಯ್ಯನವರ ಅಧ್ಯಕ್ಷತೆಯಲ್ಲಿ ಮೈಸೂರು ಕಾಂಗ್ರೆಸ್ಸಿನವರು ನಿಷೇಧಾಜ್ಞೆಯನ್ನು ಮೀರಿ ರಾಷ್ಟ್ರಧ್ವಜವನ್ನು ಎತ್ತಿದರು. ಸುತ್ತಣ ಹಳ್ಳಿಗಳ ರೈತರು ಸಾವಿರಗಟ್ಟಲೆ ಅಲ್ಲಿ ನೆರೆದರು. ಅದೇ ತಿಂಗಳ ಕಡೆಯಲ್ಲಿ ವಿದುರಾಶ್ವತ್ಥದಲ್ಲಿ ರಕ್ತ ಹರಿಯಿತು. ಇದನ್ನು ನಾವಿಲ್ಲಿ ಜ್ಞಾಪಿಸುವುದು ಹೊಗಳಿಕೆಗಾಗಿಯಲ್ಲ. ತಮ್ಮದೆಂದು ಒಂದು ವಸ್ತುವನ್ನು ಮನಸ್ಸಿನಲ್ಲಿ ನಿಶ್ಚಯಿಸಿಕೊಂಡಾಗ ಈ ದಡದ ಜನರು ಏನು ಮಾಡಬಲ್ಲರೆಂಬುದಕ್ಕೆ ಅದು ಸಾಕ್ಷಿ.

ಕಾಲುವೆಯೂ ಬಸಿಯೂ

ಕನ್ನಂಬಾಡಿಯ ಕಟ್ಟೆಯ ಕೆಲಸ 1911ರಲ್ಲಿ ಆರಂಭವಾಯಿತು. ಆ ಜಲಾಶಯದ ನೀರು ಕಾಲುವೆಯಲ್ಲಿ ಮಂಡ್ಯದ ಕಡೆಗೆ ಹರಿಯಲಾರಂಭಿಸಿದ್ದು 1930ರ ದಶಕದ ಆರಂಭದಲ್ಲಿ. ಮೊದಲು ಇರ್ವಿನ್ ಕಾಲುವೆಯೆನ್ನಿಸಿ, ಬಳಿಕ ವಿಶ್ವೇಶ್ವರಯ್ಯ ಕಾಲುವೆಯೆಂದು ಹೆಸರಾದ ಈ ಕಾಲುವೆಯು ಹುಲಿಕೆರೆಯಲ್ಲಿ ಗುಡ್ಡವನ್ನು ಸುರಂಗದಿಂದ ಕೊರೆದು ಹಾಯುವುದು. ಆ ಸುರಂಗದಿಂದ ಈಚೆಗೆ ಮಂಡ್ಯ, ಮದ್ದೂರು, ಮಳವಳ್ಳಿಗಳ ಬಹುಭಾಗವು ಸ್ವಭಾವತಃ ಶಿಂಷೆಯ ನೆಲ. ಎಂದರೆ, ಕಾವೇರಿಯ ನೀರನ್ನು ಮನುಷ್ಯನು ತನ್ನ ಪ್ರಯತ್ನದಿಂದ ಶಿಂಷೆಯ ಜಲಾನಯನಕ್ಕೆ ತಂದನು. ಈ ಒಂದು ಸಂಗತಿಯನ್ನು ನೆನಪಿಟ್ಟರೆ ನಮ್ಮ ಸೀಮೆಯ ಭೂಗೋಳವೆಲ್ಲವೂ ತಿಳಿಯಾಗುವುದು.

ಅದರ ಫಲವನ್ನು ನಾವು ವಿಸ್ತರಿಸಬೇಕಾದುದಿಲ್ಲ. ರಾಗಿ, ಹುರುಳಿ, ಅವರೆಗಳನ್ನು ಮಳೆ ನೋಡಿ ಬಿತ್ತುತ್ತಿದ್ದ ಸೀಮೆಯಲ್ಲಿ ಕಬ್ಬು, ಬತ್ತಗಳು ಬೆಳೆದುವು. 1933ರಲ್ಲಿ ಮಂಡ್ಯದಲ್ಲಿ ಸಕ್ಕರೆಯ ಕಾರ್ಖಾನೆಯಾಯಿತು. 1939ರಲ್ಲಿ ಮಂಡ್ಯವು ಪ್ರತ್ಯೇಕ ಜಿಲ್ಲೆಯಾಯಿತು. ಆದರೆ ಆ ಕಾಲದ ವೈದ್ಯರು ಕಂಡ ಮತ್ತೊಂದು ಸಂಗತಿಯನ್ನು ಈಗ ಯಾರೂ ಹೇಳರು. ನೀರು ಬಂದ ಹೊಸ ಗದ್ದೆಗಳ ಬಳಿಯಲ್ಲಿ ಬಸಿದು ಹೋಗಲು ದಾರಿಯಿಲ್ಲದೆ ನಿಂತ ನೀರಿನಲ್ಲಿ ಸೊಳ್ಳೆಯೂ, ಸೊಳ್ಳೆಯಿಂದ ಮಲೇರಿಯಾ ಜ್ವರವೂ ಹುಟ್ಟಿದುವು. ಮೈಸೂರು ಸರಕಾರದವರು ರಾಕ್‌ಫೆಲ್ಲರ್ ಪ್ರತಿಷ್ಠಾನದ ನೆರವಿನಿಂದ ನಡೆಯಿಸಿದ ಮಲೇರಿಯಾ ಸಂಶೋಧನೆಯ ಕೇಂದ್ರಗಳಲ್ಲಿ ಮಂಡ್ಯವೂ ಒಂದಾಗಿದ್ದಿತು. ನೀರು ಕೊಡುವುದು ಅರ್ಧ ಕೆಲಸ, ಕೊಟ್ಟ ನೀರು ಹೊರಟುಹೋಗಲು ದಾರಿ ಮಾಡುವುದು ಮಿಕ್ಕ ಅರ್ಧವೆಂಬ ಪಾಠವನ್ನು ನಮ್ಮ ತಾತಂದಿರು ಜ್ವರದಲ್ಲಿ ನಡುಗಿ ಕಲಿತರು.

ಮಿಕ್ಕ ಆ ಅರ್ಧವನ್ನು ಮಾಡುವವಳೇ ಶಿಂಷೆ. ಹನಕೆರೆಯ ಗದ್ದೆಯಿಂದ ಬಸಿಗಾಲುವೆಗೆ, ಬಸಿಗಾಲುವೆಯಿಂದ ಹಳ್ಳಕ್ಕೆ, ಹಳ್ಳದಿಂದ ನದಿಗೆ ನೀರು ಇಳಿದು ಹೋಗುತ್ತಿರುವವರೆಗೂ ನೆಲ ಆರೋಗ್ಯವಾಗಿರುವುದು. ಬಸಿಗಾಲುವೆ ಹೂಳಿನಿಂದ ಮುಚ್ಚಿ, ಹಳ್ಳವನ್ನು ಎರಡು ಕಡೆಯಿಂದಲೂ ಒತ್ತಿ ಗದ್ದೆ ಮಾಡಿದರೆ ನೀರು ಬೇರಿನ ಬುಡದಲ್ಲಿಯೇ ನಿಲ್ಲುವುದು. ಬೇಸಗೆಯಲ್ಲಿ ಆ ನೀರು ಆರಿ ಹೋಗಿ ಉಪ್ಪು ಮೇಲೆ ಉಳಿಯುವುದು. ಕೆಲವೇ ವರ್ಷಗಳಲ್ಲಿ ಚಿನ್ನದಂಥ ನೆಲ ಚೌಳಾಗುವುದು. ಕಾಲುವೆಯ ಕೆಳಗಣ ತಗ್ಗಿನ ಭೂಮಿಗಳಲ್ಲಿ ಇಂಥ ಚೌಳು ನೆಲವನ್ನು ಕಂಡ ರೈತರಿಗೆ ನಾವು ಹೆಚ್ಚು ಹೇಳಬೇಕಾದುದಿಲ್ಲ. ಹಳ್ಳವನ್ನು ಒತ್ತಿದವನು ಅರ್ಧ ಎಕರೆ ಗಳಿಸಿದೆನೆಂದು ಹಿಗ್ಗುವನು. ಅವನ ಮೇಲಣ ಹತ್ತು ಮಂದಿ ತಮ್ಮ ಎಕರೆಗಳನ್ನು ಕಳೆದುಕೊಳ್ಳುವರು.

ಹೊಳೆಯ ಉಪಕಾರಗಳು

ಶಿಂಷೆಯ ನೇರವಾದ ಉಪಕಾರಗಳೂ ಅಲ್ಪವಲ್ಲ. ನಾಲ್ವಡಿ ಕೃಷ್ಣರಾಜ ಒಡೆಯರವರ ಆಳಿಕೆಯಲ್ಲಿ ಕಟ್ಟಿದ ಮಾರ್ಕೋನಹಳ್ಳಿಯ ಜಲಾಶಯವು ಸುಮಾರು 15,000 ಎಕರೆ ನೆಲಕ್ಕೆ ನೀರು ಕೊಡತಕ್ಕುದು. ಜಲಾಶಯ ತುಂಬಿದೊಡನೆ, ಬಾಗಿಲೆತ್ತುವ ಆಳಿನ ಅಗತ್ಯವಿಲ್ಲದೆ, ನೀರು ತಾನಾಗಿಯೇ ಹೊರಕ್ಕೆ ಎಳೆಯಲ್ಪಡುವ ಸೈಫನ್‌ಗಳನ್ನು ಅಲ್ಲಿ ಅಳವಡಿಸಿರುವರು. ಇಂಜಿನಿಯರಿಂಗ್ ವಿದ್ಯಾರ್ಥಿಗಳು ನೋಡತಕ್ಕ ವಿಶೇಷವಿದು. ಈಗ ಹೇಮಾವತಿಯ ನೀರೂ ಕಾಲುವೆಗಳ ಮೂಲಕ ಈ ಜಲಾನಯನಕ್ಕೆ ಬಂದು ಸೇರುತ್ತಿರುವುದು. ಮದ್ದೂರಿನಿಂದ ಕೆಳಗೆ ಇಗ್ಗಲೂರಿನ ಬಳಿ ಕಟ್ಟಿರುವ ಒಡ್ಡಿನಿಂದ ನೀರನ್ನೆತ್ತಿ ಚನ್ನಪಟ್ಟಣ ತಾಲ್ಲೂಕಿನ ಕೆರೆಗಳನ್ನು ತುಂಬುವರು. ಅದರಿಂದ ಬತ್ತಿದ್ದ ಬಾವಿಗಳಲ್ಲಿ ನೀರು ಕಾಣಿಸಿಕೊಂಡುದನ್ನು ಆ ಭಾಗದ ರೈತರು ಬಲ್ಲರು.

ವಿದ್ಯುಚ್ಛಕ್ತಿಯ ವಿಷಯದಲ್ಲಿಯೂ ಶಿಂಷೆಗೆ ಹೆಸರುಂಟು. 1902ರಲ್ಲಿ ಶಿವನಸಮುದ್ರದ ವಿದ್ಯುತ್ತು ಕೋಲಾರದ ಚಿನ್ನದ ಗಣಿಗೆ ಹರಿದುದು ಪ್ರಸಿದ್ಧ. ಬೇಡಿಕೆ ಹೆಚ್ಚಲು 1940ರಲ್ಲಿ ಮಳವಳ್ಳಿ ತಾಲ್ಲೂಕಿನ ಶಿಂಷಾಪುರದಲ್ಲಿ ಎರಡನೆಯ ಶಕ್ತಿಗೃಹ ತೆರೆಯಿತು. ಅದರ ಎರಡು ಯಂತ್ರಗಳ ಒಟ್ಟು ಸಾಮರ್ಥ್ಯ 17.2 ಮೆಗಾವಾಟು. ಇಲ್ಲಿಯೂ ಒಂದು ಸ್ವಾರಸ್ಯ ಉಂಟು. ಯಂತ್ರವನ್ನು ತಿರುಗಿಸುವ ನೀರು ಶಿವನಸಮುದ್ರದ ಕಡೆಯಿಂದ ತಿರುಗಿಸಿ ತಂದ ಕಾವೇರಿಯದು. ಆ ನೀರು ಧುಮುಕಲು ಬೇಕಾದ ಆಳವನ್ನು ಕೊಟ್ಟುದು ಶಿಂಷೆಯ ಕಣಿವೆ. ಗದ್ದೆಯಲ್ಲಿ ಹೇಗೋ ಶಕ್ತಿಗೃಹದಲ್ಲಿಯೂ ಹಾಗೆಯೇ, ಒಬ್ಬಳು ನೀರು ಕೊಟ್ಟಳು, ಮತ್ತೊಬ್ಬಳು ಇಳಿಯಲು ಜಾಗ ಕೊಟ್ಟಳು.

ಇನ್ನು ಕೊಕ್ಕರೆ ಬೆಳ್ಳೂರಿನ ಮಾತು. ಮದ್ದೂರು ತಾಲ್ಲೂಕಿನ ಈ ಹಳ್ಳಿಗೆ ಮಳೆಗಾಲ ಕಳೆದ ಮೇಲೆ ಹೆಜ್ಜಾರ್ಲೆಗಳೂ ಬಣ್ಣದ ಕೊಕ್ಕರೆಗಳೂ ಬಂದು, ಮನೆಗಳ ನಡುವಣ ಹುಣಿಸೆ, ಆಲ, ಅರಳಿ ಮರಗಳ ಮೇಲೆ ಗೂಡು ಕಟ್ಟಿ, ಮರಿ ಮಾಡಿ, ಬೇಸಗೆ ಮುಗಿಯುವ ವೇಳೆಗೆ ಹಾರಿ ಹೋಗುವುವು. ಹಳ್ಳಿಯ ಹಿರಿಯರು ಹೇಳುವುದೇನೆಂದರೆ, ಮೊದಲು ಊರು ಶಿಂಷೆಯ ದಡದಲ್ಲಿಯೇ ಇದ್ದಿತು. 1916ರಲ್ಲಿ ಪ್ಲೇಗಿನ ದೆಸೆಯಿಂದ ಜನರು ಊರನ್ನು ಈಗಿರುವ ಸ್ಥಳಕ್ಕೆ ಎತ್ತಿದಾಗ ಹಕ್ಕಿಗಳೂ ಅವರ ಹಿಂದೆಯೇ ಬಂದುವು. ಬಾಣಂತನಕ್ಕೆ ತೌರಿಗೆ ಬಂದ ಹೆಣ್ಣುಮಕ್ಕಳಂತೆ ಅವನ್ನು ನೋಡಿಕೊಳ್ಳುವುದು ಅಲ್ಲಿಯ ವಾಡಿಕೆ. ಮರದ ಬುಡದಲ್ಲಿ ಬಿದ್ದ ಹಿಕ್ಕೆಯನ್ನು ಹೂಳುಮಣ್ಣಿನೊಡನೆ ಬೆರಸಿ ಹೊಲಕ್ಕೆ ಗೊಬ್ಬರವಾಗಿ ಹಾಕುವುದುಂಟು. ಅರಣ್ಯಾಧಿಕಾರಿಗಳಾದ ಶ್ರೀ ಎಸ್. ಜಿ. ನೇಗಿನಹಾಳರು 1976ರಲ್ಲಿ ಈ ಹಕ್ಕಿಗಳ ನೆಲೆಯನ್ನು ಹೊರಗಣ ಲೋಕಕ್ಕೆ ಪರಿಚಯ ಮಾಡಿಸಿದರು. 2007ರಲ್ಲಿ ಸರಕಾರದವರು ಇದನ್ನು ಸಮುದಾಯ ಮೀಸಲು ಪ್ರದೇಶವೆಂದು ಸಾರಿದರು.

ಹಕ್ಕಿ ಮರದ ಮೇಲೆ ಮಲಗಿದರೂ ಮೇಯುವುದು ನೀರಿನಲ್ಲಿ. ಶಿಂಷೆಯ ಮಡುಗಳೂ ಸುತ್ತಣ ಕೆರೆಗಳೂ ಅದರ ಅನ್ನದ ತಟ್ಟೆ. 2017–18ರ ಋತುವಿನಲ್ಲಿ ಹೆಜ್ಜಾರ್ಲೆಗಳು ಒಂದರ ಹಿಂದೊಂದು ಮರದಿಂದ ಬಿದ್ದು ಸತ್ತಾಗ, ಪರೀಕ್ಷಿಸಿದ ವೈದ್ಯರು ಅವುಗಳ ಹೊಟ್ಟೆಯಲ್ಲಿ ಹುಳುಗಳ ಬಾಧೆಯನ್ನು ಕಂಡರು. ಆ ಹುಳುಗಳು ತಿಂದ ಮೀನಿನ ಮೂಲಕ ಬರತಕ್ಕವು. ಊರವರು ಹಕ್ಕಿಗೆ ನೆರಳು ಕೊಟ್ಟಿದ್ದರು, ರಕ್ಷಣೆ ಕೊಟ್ಟಿದ್ದರು. ಆದರೆ ಅದು ಮೇಯುವ ನೀರು ಆ ಒಂದು ಊರಿನ ಕೈಯಲ್ಲಿರಲಿಲ್ಲ.

ನಾವು ಮಾಡುತ್ತಿರುವುದು

ಹೀಗೆ ಸರ್ವವಿಧದಲ್ಲಿಯೂ ಉಪಕಾರಿಯಾದ ಹೊಳೆಗೆ ನಾವು ಮಾಡುತ್ತಿರುವುದೇನು? ಕೇಂದ್ರ ಮಾಲಿನ್ಯ ನಿಯಂತ್ರಣ ಮಂಡಲಿಯವರು 2018ರಲ್ಲಿ ಪ್ರಕಟಿಸಿದ ಮಲಿನ ನದೀಭಾಗಗಳ ಪಟ್ಟಿಯಲ್ಲಿ ಕರ್ನಾಟಕದ 17 ನದಿಗಳಿದ್ದುವು. ಅವುಗಳಲ್ಲಿ ಶಿಂಷೆಯೂ ಒಂದು. ಮಲಿನವೆಂದು ತೋರಿಸಿದ ಭಾಗವು ಎಡೆಯೂರಿನಿಂದ ಹಲಗೂರಿನವರೆಗೆ, ಎಂದರೆ ಮದ್ದೂರು ತಾಲ್ಲೂಕನ್ನು ಹಾದು ಹೋಗುವ ಹರಿವೆಲ್ಲವೂ ಅದರಲ್ಲಿ ಸೇರಿದ್ದಿತು. ತೀರ್ಥವೆಂದು ಮುಳುಗುವ ಸ್ಥಳದಿಂದ ಹೊರಟು, ವೈದ್ಯನಾಥನ ಸನ್ನಿಧಿಯನ್ನೂ ಒಳಗೊಂಡ ಪಟ್ಟಿಯಿದು. ಇದಕ್ಕಾಗಿ ಯಾವೊಬ್ಬ ಅಧಿಕಾರಿಯನ್ನು ಹೆಸರಿಸಿ ದೂರುವುದು ನಮ್ಮ ಉದ್ದೇಶವಲ್ಲ. ಮನೆಯ ಬಚ್ಚಲಿನ ನೀರು ಬೀದಿಯ ಚರಂಡಿಗೆ ಬಿದ್ದೊಡನೆ ತಮ್ಮ ಹೊಣೆ ತೀರಿತೆಂದು ತಿಳಿಯುವ ನಮ್ಮೆಲ್ಲರ ಹೆಸರೂ ಆ ಪಟ್ಟಿಯಲ್ಲಿ ಉಂಟು.

ಎರಡನೆಯದು ಮರಳು. ಬಯಲ ಹೊಳೆಯಲ್ಲಿ ಮರಳೆಂಬುದು ಬರಿಯ ಕಲ್ಲಿನ ಪುಡಿಯಲ್ಲ. ಅದೊಂದು ಮರೆಯ ಕೆರೆ. ಹರಿವು ನಿಂತ ಮೇಲೆಯೂ ಮರಳಿನ ಪದರದಲ್ಲಿ ನೀರು ತಂಗಿದ್ದು, ದಡದ ಬಾವಿಗಳಿಗೆ ಮೆಲ್ಲಮೆಲ್ಲನೆ ಒಸರುವುದು. ಮೊಳದಷ್ಟು ಅಗೆದರೆ ಕುಡಿಯುವ ನೀರು ಸಿಕ್ಕುತ್ತಿದ್ದ ವರತೆಗಳನ್ನು ಐವತ್ತು ದಾಟಿದ ನಮ್ಮಂಥವರೆಲ್ಲರೂ ಹುಡುಗರಾಗಿದ್ದಾಗ ಕಂಡವರೇ. ಆ ಮರಳನ್ನು ರಾತ್ರಿಯೆನ್ನದೆ ಬಗೆದು ಸಾಗಿಸಿದರೆ ಪಾತ್ರವು ತಗ್ಗುವುದು. ಪಾತ್ರ ತಗ್ಗಿದಷ್ಟೂ ದಡದ ಬಾವಿಯ ನೀರೂ ತಗ್ಗುವುದು. ಸೇತುವೆಯ ಕಂಬಗಳ ಬುಡ ಬಿಚ್ಚುವುದು. ಒಡ್ಡುಗಳ ಕಾಲುವೆಗಳಿಗೆ ನೀರು ಏರದಾಗುವುದು. ಪಟ್ಟಣದಲ್ಲಿ ಮನೆ ಕಟ್ಟಲು ಹೋದ ಒಂದು ಗಾಡಿ ಮರಳಿನ ಬೆಲೆಯನ್ನು ಕೊಂಡವನು ಒಮ್ಮೆ ಕೊಡುವನು. ಹೊಳೆಯ ದಡದವನು ಪ್ರತಿ ಬೇಸಗೆಯಲ್ಲಿಯೂ ಕೊಡುತ್ತಿರುವನು.

ಮೂರನೆಯದು ಕೆರೆಗಳ ಅನಾದರ. ಕಾಲುವೆ ಬಂದ ಮೇಲೆ ನಮ್ಮವರಿಗೆ ಕೆರೆ ಬೇಡವಾಯಿತು, ಹೂಳೆತ್ತುವ ವಾಡಿಕೆ ನಿಂತಿತು, ಅಂಗಳ ಒತ್ತುವರಿಯಾಯಿತು. ಆದರೆ ಕಾಲುವೆಗೆ ನೀರು ಬಾರದ ವರ್ಷಗಳೂ ಬಂದುವು. 2023ರ ಬರವನ್ನು ನಾವಿನ್ನೂ ಮರೆತಿಲ್ಲ. ಕಟ್ಟೆಯಲ್ಲಿ ನೀರಿಲ್ಲದೆ, ಇದ್ದ ನೀರಿಗೂ ಎರಡು ರಾಜ್ಯಗಳ ವ್ಯಾಜ್ಯ ನಡೆಯುತ್ತ, ಬೆಳೆದು ನಿಂತ ಪೈರನ್ನು ನೋಡಿ ರೈತನು ಹೆದ್ದಾರಿಗಿಳಿದ ಆ ದಿನಗಳಲ್ಲಿ, ತಾತ ಕಟ್ಟಿದ ಕೆರೆ ಊರ ಮುಂದೆಯೇ ಹೂಳು ತುಂಬಿ ಬಿದ್ದಿದ್ದಿತು.

ವ್ಯಾಜ್ಯದ ಮಾತು ಬಂದುದರಿಂದ ಒಂದು ಸಂಗತಿಯನ್ನು ಸ್ಪಷ್ಟಪಡಿಸಬೇಕಾಗಿದೆ. ಸುಪ್ರೀಂ ಕೋರ್ಟಿನ 2018ರ ತೀರ್ಪಿನಂತೆ ಕರ್ನಾಟಕವು ಸಾಧಾರಣ ವರ್ಷದಲ್ಲಿ ತಮಿಳುನಾಡಿಗೆ 177.25 ಟಿ.ಎಂ.ಸಿ. ಅಡಿ ನೀರು ಬಿಡತಕ್ಕುದು. ಅದನ್ನು ಅಳೆಯುವುದು ಬಿಳಿಗುಂಡ್ಲುವಿನಲ್ಲಿ. ಶಿಂಷೆಯು ಕಾವೇರಿಯನ್ನು ಕೂಡುವುದು ಕನ್ನಂಬಾಡಿಯ ಕೆಳಗೆ, ಬಿಳಿಗುಂಡ್ಲುವಿನ ಮೇಲೆ. ಆದುದರಿಂದ ಹಸ್ತ, ಚಿತ್ತ ಮಳೆಗಳಲ್ಲಿ ಶಿಂಷೆಯು ಹೊತ್ತು ತಂದ ನೀರೂ ಆ ಅಳತೆಯ ಲೆಕ್ಕಕ್ಕೆ ಸೇರುವುದು. ಮದ್ದೂರಿನ ಸೇತುವೆಯ ಕೆಳಗೆ ಹರಿದ ಹೊಳೆಯು ಕನ್ನಂಬಾಡಿಯ ಹೊರೆಯನ್ನು ಅಷ್ಟರಮಟ್ಟಿಗೆ ಇಳಿಸುವುದು. ವ್ಯಾಜ್ಯದ ಕಾಲದಲ್ಲಿ ಕಾವೇರಿಗಾಗಿ ಬೀದಿಗಿಳಿಯುವ ನಾವು, ಕಾವೇರಿಯ ಋಣವನ್ನು ಸದ್ದಿಲ್ಲದೆ ತೀರಿಸುತ್ತಿರುವ ಈ ಹೊಳೆಯ ಕಡೆಗೆ ತಿರುಗಿ ನೋಡುವುದಿಲ್ಲವೆಂಬುದು ಸೋಜಿಗವಲ್ಲವೆ?

ಮಾಡತಕ್ಕುದೇನು

ಕಾವೇರಿಯ ವಿಷಯದಲ್ಲಿ ನಮ್ಮ ಸ್ವಾತಂತ್ರ್ಯ ಅಲ್ಪ. ನ್ಯಾಯಾಲಯ, ಪ್ರಾಧಿಕಾರ, ಎರಡು ರಾಜ್ಯಗಳ ಒಪ್ಪಿಗೆ ಇವೆಲ್ಲವೂ ಅಲ್ಲಿ ಬೇಕು. ಶಿಂಷೆಯ ವಿಷಯದಲ್ಲಿ ಹಾಗಿಲ್ಲ. ಅದರ ಹುಟ್ಟಿನಿಂದ ಸಂಗಮದವರೆಗೆ ಒಂದು ಅಡಿಯೂ ಕರ್ನಾಟಕದ ಹೊರಗಿಲ್ಲ. ಅದನ್ನು ಕೆಡಿಸಿದವರೂ ನಾವೇ, ಉಳಿಸಬಲ್ಲವರೂ ನಾವೇ. ಹೊರಗಿನವರ ಮೇಲೆ ತಪ್ಪು ಹೊರಿಸುವ ಅವಕಾಶವನ್ನು ಈ ನದಿಯು ನಮಗೆ ಕೊಟ್ಟಿಲ್ಲ.

ಸರಕಾರದವರಲ್ಲಿ ನಮ್ಮ ವಿಜ್ಞಾಪನೆ ಮೂರು. ಮೊದಲನೆಯದು, ನದಿಗೆ ನೀರಿಳಿಸುವ ಪಟ್ಟಣಗಳ ಚರಂಡಿಯ ನೀರು ಶುದ್ಧವಾಗದೆ ಹೊಳೆಗೆ ಬೀಳಕೂಡದು. ಶುದ್ಧೀಕರಣದ ಕೇಂದ್ರವನ್ನು ಕಟ್ಟಿದರೆ ಸಾಲದು; ಅದು ದಿನವೂ ನಡೆಯುತ್ತಿದೆಯೇ ಎಂಬುದನ್ನು ಊರವರು ತಿಳಿಯುವಂತೆ ಲೆಕ್ಕವನ್ನು ಪ್ರಕಟಿಸಬೇಕು. ಎರಡನೆಯದು, ಹಳ್ಳಗಳನ್ನೂ ಬಸಿಗಾಲುವೆಗಳನ್ನೂ ಹಳೆಯ ನಕ್ಷೆಯಂತೆ ಅಳೆಯಿಸಿ ಗಡಿ ಕಲ್ಲು ನೆಡಿಸಬೇಕು. ಕಾಲುವೆಯ ಆಧುನೀಕರಣಕ್ಕೆ ಹಣ ಕೊಡುವಾಗ ಬಸಿಗಾಲುವೆಗೂ ಅದರಲ್ಲಿ ಪಾಲಿರಬೇಕು. ಮೂರನೆಯದು, ತುಮಕೂರಿನಿಂದ ಮಳವಳ್ಳಿಯವರೆಗೆ ಈ ನದಿಯನ್ನು ಒಂದೇ ಶರೀರವಾಗಿ ನೋಡುವ ಒಂದು ವ್ಯವಸ್ಥೆಯಾಗಬೇಕು. ಮೇಲೆ ಜಲಾಶಯದ ನೀರು ಹೊರಚೆಲ್ಲುವ ಸಮಾಚಾರ ಕೆಳಗಿನ ಹಳ್ಳಿಗೆ ಮುಂಚಿತವಾಗಿ ತಲಪುವುದೂ, ಮೇಲಿನ ಪಟ್ಟಣದ ಕೊಳೆಗೆ ಕೆಳಗಿನ ಪಟ್ಟಣದವರು ಉತ್ತರ ಕೇಳಲಾಗುವುದೂ ಅಂಥ ವ್ಯವಸ್ಥೆಯಿಂದಲೇ ಸಾಧ್ಯ.

ಮಹಾಜನರಲ್ಲಿ ನಮ್ಮ ಬಿನ್ನಹ ಒಂದೇ. ಹನಕೆರೆಯಂಥ ಪ್ರತಿಯೊಂದು ಊರಿನವರೂ ತಮ್ಮ ಗದ್ದೆಯ ಬಾಯಿಗೆ ನೀರು ಬಂದಿತೇ ಎಂದು ನೋಡುವಂತೆಯೇ, ಗದ್ದೆಯ ಬಾಲದಲ್ಲಿ ಆ ನೀರು ಎಲ್ಲಿಗೆ ಹೋಯಿತು, ಹೇಗೆ ಹೋಯಿತು ಎಂಬುದನ್ನೂ ನೋಡತಕ್ಕುದು. ವರ್ಷಕ್ಕೊಮ್ಮೆ ಬೇಸಗೆಯಲ್ಲಿ ಊರವರೆಲ್ಲರೂ ಸೇರಿ ಹಳ್ಳದ ಹೂಳು, ಜೊಂಡುಗಳನ್ನು ತೆಗೆಯುವುದು ನಮ್ಮ ಹಿರಿಯರಿಗೆ ಹೊಸತಾಗಿರಲಿಲ್ಲ, ನಮಗೂ ಅಸಾಧ್ಯವಲ್ಲ. ಉಪಾಧ್ಯಾಯರು ಶಾಲೆಯ ಮಕ್ಕಳಿಗೆ ಕಾವೇರಿಯ ಉಪನದಿಗಳ ಹೆಸರನ್ನು ಬಾಯಿಪಾಠ ಮಾಡಿಸುವ ಮೊದಲು, ಅವರನ್ನು ಊರ ಹಳ್ಳದ ದಡಕ್ಕೆ ಕರೆದೊಯ್ದು, ಈ ನೀರು ಎಲ್ಲಿಗೆ ಹೋಗುವುದೆಂದು ಕೇಳಲಿ.

ನಮ್ಮ ಪಾಲಿನ ಪ್ರಾಯಶ್ಚಿತ್ತವನ್ನೂ ಹೇಳಿಬಿಡುವೆವು. ಬರುವ ಮಳೆಗಾಲದಿಂದ ಕನ್ನಂಬಾಡಿಯ ಮಟ್ಟವನ್ನು ಅಚ್ಚುಹಾಕುವ ಪಂಕ್ತಿಯಲ್ಲಿಯೇ ಮಾರ್ಕೋನಹಳ್ಳಿಯ ಮಟ್ಟವೂ ಮದ್ದೂರಿನಲ್ಲಿ ಶಿಂಷೆಯ ಸ್ಥಿತಿಯೂ ಅಚ್ಚಾಗುವುವು. ಅದು ನಮ್ಮಿಂದಾಗತಕ್ಕ ಚಿಕ್ಕ ಕೆಲಸ. ಹನಕೆರೆಯ ಆ ಹಿರಿಯರು ನಮ್ಮ ಮೊದಲನೆಯ ಪ್ರಶ್ನೆಗೆ ಕೊಟ್ಟ ಉತ್ತರವು ತಪ್ಪಲ್ಲ. ಆದರೆ ಅವರ ಮೊಮ್ಮಕ್ಕಳನ್ನು ಯಾರಾದರೂ ಅದೇ ಪ್ರಶ್ನೆ ಕೇಳಿದಾಗ, “ಎರಡು ಸ್ವಾಮಿ. ಬರುವುದು ಕಾವೇರಿ, ಹೋಗುವುದು ಶಿಂಷೆ” ಎಂಬ ಉತ್ತರ ಬರುವಂತಾಗಲಿ. ಆ ವೇಳೆಗೆ ‘ಹೋಗುವುದು’ ಎಂದು ಕೈತೋರಿದ ಕಡೆಯಲ್ಲಿ ತೋರಿಸತಕ್ಕಂಥ ಒಂದು ನದಿಯೂ ಇರಲಿ.